ಹೂ ಬಿಟ್ಟೂ ಕಾಯಿ ಕಟ್ಟದ ಕಾಡುಕಾಫಿ

2012ರ ಜೂನ್ 6ರ ಬೆಳಿಗ್ಗೆ, ಕೊರಟಗೆರೆ ತಾಲ್ಲೂಕಿನ ಹಳ್ಳಿಯೊಂದರ ಪ್ರೌಢಶಾಲೆಯ ಅಂಗಳದಲ್ಲಿ, ಏಳು ಗಂಟೆಗೇ ಮಕ್ಕಳನ್ನು ಕಲೆಹಾಕಿಕೊಂಡು ಸೂರ್ಯನ ಮುಖದ ಮೇಲೆ ಶುಕ್ರ ಗ್ರಹ ಹಾದುಹೋಗುವುದನ್ನು ತೋರಿಸಲು ನಿಂತಿದ್ದೆ. ಮುಂಗಾರಿನ ಮೋಡ ಬಿಡುವು ಕೊಡಲಿಲ್ಲ. ಹತ್ತೂಕಾಲಿನ ಹೊತ್ತಿಗೆ ಎಲ್ಲ ಮುಗಿಯುವ ಮುನ್ನ ಮೂರೋ ನಾಲ್ಕೋ ಬಾರಿ ಮಾತ್ರ ಬಿಸಿಲು ಬಿದ್ದು, ಕನ್ನಡಿಯಿಂದ ಕತ್ತಲೆ ಕೋಣೆಯ ಗೋಡೆಗೆ ಬಿಟ್ಟಿದ್ದ ಸೂರ್ಯಬಿಂಬದಲ್ಲಿ ಸಾಸಿವೆ ಕಾಳಿನಂಥ ಕಪ್ಪು ಚುಕ್ಕೆಯೊಂದು ಕಾಣಿಸಿಕೊಂಡು ಮರೆಯಾಯಿತು. ಇದನ್ನು ಇನ್ನೊಮ್ಮೆ ನೋಡಬೇಕಾದರೆ 2117ರವರೆಗೆ ಕಾಯಬೇಕು ಎಂದು ನಾನು ಹೇಳಿದಾಗ ಮಕ್ಕಳು ನಕ್ಕರು.

ಮಾರನೆಯ ದಿನದ ಪಾಠಕ್ಕೆ ಬೇಕೆಂದು ಹಿಂದಿನ ಶುಕ್ರ ಸಂಕ್ರಮಣಗಳ ಕಥೆಯನ್ನು ಓದುತ್ತ ಕುಳಿತವನಿಗೆ ರಾಡ್ರಿಗಸ್ ಎಂಬ ಹೆಸರು ಎರಡು ಬಾರಿ ಎದುರಾಯಿತು. 1761ರಲ್ಲಿ ಪಾಂಗ್ರೆ ಎಂಬ ಫ್ರೆಂಚ್ ಖಗೋಳಜ್ಞ ಸಂಕ್ರಮಣ ನೋಡಲು ಅಲ್ಲಿಗೆ ಹೋಗಿದ್ದ. 1874ರಲ್ಲಿ ಅದೇ ಕೆಲಸಕ್ಕೆ ಹೋದ ಬ್ರಿಟಿಷ್ ತಂಡದ ಜೊತೆಯಲ್ಲಿ ಗಿಡಮರ, ಕಲ್ಲುಮಣ್ಣು, ಹಕ್ಕಿಪ್ರಾಣಿಗಳನ್ನು ಬಲ್ಲವರೂ ಇದ್ದರು, ಅವರಲ್ಲಿ ಗಿಡಗಳ ಪಾಲಿಗೆ ಬಂದವನು ಐಸಾಕ್ ಬೇಲಿ ಬಾಲ್ಫೋರ್ ಎಂಬ ಇಪ್ಪತ್ತೊಂದರ ಹರೆಯದ ಯುವಕ. ಆಕಾಶ ನೋಡಲು ಹೋದವರ ಬೆನ್ನು ಹಿಡಿದು ನಾನು ನೆಲದ ಮೇಲಿನ ಒಂದು ಗಿಡಕ್ಕೆ ಬಂದು ಮುಟ್ಟಿದ್ದು ಹೀಗೆ. ಅಂದಿನಿಂದ ಇಂದಿನವರೆಗೆ, ಅಂದರೆ ನಿವೃತ್ತನಾಗಿ ತುಮಕೂರಿಗೆ ಬಂದು ನೆಲೆಸಿದ ಮೇಲೂ, ಆ ಗಿಡದ ವಿಷಯ ಎಲ್ಲಿ ಸಿಕ್ಕರೂ ಓದುತ್ತ ಬಂದಿದ್ದೇನೆ. ಕಣ್ಣಾರೆ ಕಂಡಿಲ್ಲ, ಕಾಣುವ ಯೋಗವೂ ಇರಲಾರದು.

ರಾಡ್ರಿಗಸ್ ಇರುವುದು ಹಿಂದೂ ಮಹಾಸಾಗರದಲ್ಲಿ, ಮಾರಿಷಸ್ಸಿನಿಂದ ಪೂರ್ವಕ್ಕೆ ಸುಮಾರು 560 ಕಿಲೋಮೀಟರ್ ದೂರದಲ್ಲಿ. ಜ್ವಾಲಾಮುಖಿಯಿಂದ ಎದ್ದ ಆ ದ್ವೀಪದ ವಿಸ್ತೀರ್ಣ 108 ಚದರ ಕಿಲೋಮೀಟರ್. ನಮ್ಮ ತುಮಕೂರು ಜಿಲ್ಲೆಯೊಳಗೆ ಅಂಥ ದ್ವೀಪಗಳನ್ನು ಹತ್ತಿರ ಹತ್ತಿರ ನೂರು ಜೋಡಿಸಬಹುದು. ಅಲ್ಲಿಯ ಅತ್ಯಂತ ಎತ್ತರದ ಗುಡ್ಡವಾದ ಮೋಂ ಲಿಮೋಂ 398 ಮೀಟರ್ ಇದೆಯೆಂದು ಓದಿದಾಗ ನನಗೆ ನಗು ಬಂದಿತ್ತು, ಏಕೆಂದರೆ ನಾನು ದಿನವೂ ತರಕಾರಿ ತರಲು ಹೋಗುವ ಬೀದಿಯೇ ಸಮುದ್ರಮಟ್ಟದಿಂದ ಅದಕ್ಕೆ ಎರಡು ಪಾಲು ಎತ್ತರದಲ್ಲಿದೆ. ಆದರೆ ಎಲ್ಲಿಂದಲೂ ಇಷ್ಟು ದೂರದಲ್ಲಿರುವ ನೆಲಕ್ಕೆ ಎಂದೋ ತೇಲಿಯೋ, ಹಕ್ಕಿಯ ಹೊಟ್ಟೆಯಲ್ಲಿಯೋ ಬಂದು ಬಿದ್ದ ಬೀಜ ಲಕ್ಷಾಂತರ ವರ್ಷ ತನ್ನ ಪಾಡಿಗೆ ತಾನು ಬೆಳೆದು, ಲೋಕದಲ್ಲಿ ಬೇರೆಲ್ಲೂ ಇಲ್ಲದ ಗಿಡವಾಗಿ ಮಾರ್ಪಡುತ್ತದೆ. ಹಾಗೆ ಆದ ಗಿಡಗಳಲ್ಲಿ ಒಂದು, ಅಲ್ಲಿಯ ಜನ ಕೆಫೆ ಮರೋಂ ಎಂದು ಕರೆಯುವ ಪೊದೆ. ಮರೋಂ ಎಂದರೆ ಊರು ಬಿಟ್ಟು ಕಾಡು ಸೇರಿದ್ದು ಎಂಬ ಅರ್ಥ. ಒಡೆಯರಿಂದ ತಪ್ಪಿಸಿಕೊಂಡು ಗುಡ್ಡ ಸೇರಿದ ಗುಲಾಮರನ್ನು ಕರೆಯುತ್ತಿದ್ದುದೂ ಇದೇ ಪದದಿಂದ. ಕನ್ನಡದಲ್ಲಿ ನಾನು ಅದನ್ನು ಕಾಡುಕಾಫಿ ಎಂದೇ ಕರೆದುಕೊಂಡಿದ್ದೇನೆ.

ಬಾಲ್ಫೋರ್ 1877ರಲ್ಲಿ ಇದೇ ಬಗೆಯ ಗಿಡವೊಂದನ್ನು ವರ್ಣಿಸಿದಾಗ ಅದಕ್ಕೆ ಇಟ್ಟ ಹೆಸರು ರ‍್ಯಾಂಡಿಯ ಹೆಟೆರೋಫಿಲ್ಲ. ಈ ರ‍್ಯಾಂಡಿಯ ಎಂಬ ಹೆಸರು ನಮ್ಮ ಕಡೆಯ ಹಳೆಯ ಸಸ್ಯಶಾಸ್ತ್ರದ ವಿದ್ಯಾರ್ಥಿಗಳಿಗೆ ಹೊಸದಲ್ಲ. ದೇವರಾಯನದುರ್ಗದ ಇಳಿಜಾರಿನಲ್ಲಿ ಮುಳ್ಳು ತುಂಬಿಕೊಂಡು ನಿಲ್ಲುವ ಮಂಗಾರೆ ಗಿಡವನ್ನು, ಅಂದರೆ ವೈದ್ಯರು ವಾಂತಿ ಮಾಡಿಸಲು ಬಳಸುತ್ತಿದ್ದ, ಮೀನು ಹಿಡಿಯುವವರು ಜಜ್ಜಿ ನೀರಿಗೆ ಹಾಕುತ್ತಿದ್ದ ಆ ಕಾಯಿಯ ಗಿಡವನ್ನು, ನಾವು ಕಾಲೇಜಿನಲ್ಲಿ ಕಲಿತದ್ದು ರ‍್ಯಾಂಡಿಯ ಎಂದೇ. ಆಮೇಲೆ ಎರಡಕ್ಕೂ ಹೆಸರು ಬದಲಾಯಿತು. ದ್ವೀಪದ ಗಿಡಕ್ಕೆ ರಾಮೊಸ್ಮೇನಿಯ ಎಂಬ ಹೊಸ ಕುಲವನ್ನೇ 1982ರಲ್ಲಿ ಮಾಡಿಕೊಟ್ಟವರಲ್ಲಿ ಒಬ್ಬರು ಮಾರಿಷಸ್ಸಿನ ಸಸ್ಯವಿಜ್ಞಾನಿ ತಿರ್ವೆಂಗಡಮ್. ತಿರುವೇಂಗಡಂ ಎಂದರೆ ತಮಿಳರ ಬಾಯಲ್ಲಿ ನಮ್ಮ ತಿರುಪತಿಯ ಬೆಟ್ಟ. ಕಬ್ಬಿನ ಗದ್ದೆಯ ಕೂಲಿಗೆಂದು 1834ರಿಂದ ಹಡಗು ಹತ್ತಿ ಹೋದವರ ಹೆಸರುಗಳು ಗಿಡಗಳ ಲ್ಯಾಟಿನ್ ಹೆಸರಿನ ಬಾಲದಲ್ಲಿ ಹೀಗೆ ಕಾಣಿಸಿದಾಗ, ಏಕೋ ಏನೋ, ನೆಂಟರ ಮನೆಯ ಲಗ್ನಪತ್ರಿಕೆ ಓದಿದಂತೆ ಅನಿಸುತ್ತದೆ. ಆ ಕುಲದಲ್ಲಿ ಇರುವುದು ಎರಡೇ ಪ್ರಭೇದ, ಬಾಲ್ಫೋರ್ ವರ್ಣಿಸಿದ್ದು ಈಗ ಅಳಿದುಹೋಗಿದೆ. ಉಳಿದದ್ದು ರಾಮೊಸ್ಮೇನಿಯ ರಾಡ್ರಿಗೇಸಿ ಎಂಬ ಇದು. ಎರಡನ್ನೂ ಒಂದೇ ಎಂದುಕೊಂಡು ಬರೆದವರು ಬಹಳ ಕಾಲ ಇದ್ದುದರಿಂದ ಹಳೆಯ ಬರಹಗಳಲ್ಲಿ ಹೆಸರಿನ ಗೊಂದಲ ಸಾಕಷ್ಟಿದೆ.

ಕಾಫಿ, ಕದಂಬ, ಮಂಜಿಷ್ಠ, ಮನೆಯ ಮುಂದಿನ ಕೇಪಳ, ಗುಡ್ಡದ ಬಿಕ್ಕೆ, ಮಕ್ಕಳು ಕಿತ್ತು ತಿನ್ನುವ ಕಾರೆಹಣ್ಣು, ಇವೆಲ್ಲ ಒಂದೇ ಕುಟುಂಬ ಎಂದರೆ ನನ್ನ ವಿದ್ಯಾರ್ಥಿಗಳು ಮೊದಲು ನಂಬುತ್ತಿರಲಿಲ್ಲ. ಆಗ ಕೇಪಳದ ಒಂದು ಕಡ್ಡಿಯನ್ನು ಮುರಿದು ಕೈಗೆ ಕೊಡುತ್ತಿದ್ದೆ. ಎಲೆಗಳು ಎದುರುಬದುರಾಗಿ ಜೋಡಿಯಾಗಿ ಹುಟ್ಟುತ್ತವೆ, ಆ ಎರಡು ತೊಟ್ಟುಗಳ ನಡುವೆ, ಕಾಂಡಕ್ಕೆ ಒತ್ತಿಕೊಂಡು, ಉಗುರಿನ ತುದಿಯಷ್ಟು ಚಿಕ್ಕದಾದ ಚೂಪು ಪೊರೆಯೊಂದು ಇರುತ್ತದೆ. ಕಾಫಿ ಗಿಡದಲ್ಲಿಯೂ ಅದೇ ಜಾಗದಲ್ಲಿ ಅದೇ ಪೊರೆ, ಬಿಕ್ಕೆಯಲ್ಲಿಯೂ ಅಷ್ಟೆ. ಸಾವಿರಾರು ಮೈಲಿ ದೂರದ ಕಾಡುಕಾಫಿಯ ರೆಂಬೆಯಲ್ಲಿಯೂ ಇದು ಇದ್ದೇ ಇರುತ್ತದೆ. ಅದರ ಹೂವು ಬೆಳ್ಳಗೆ, ಉದ್ದನೆಯ ಕೊಳವೆಯ ತುದಿಯಲ್ಲಿ ಐದು ಎಸಳು ನಕ್ಷತ್ರದಂತೆ ಬಿಚ್ಚಿಕೊಳ್ಳುತ್ತವೆ. ಚಿತ್ರದಲ್ಲಿ ನೋಡಿದಾಗ ನನಗೆ ಮಲ್ಲಿಗೆಗಿಂತ ಬಿಕ್ಕೆಯ ನೆನಪೇ ಬಂದಿತ್ತು.

ಈ ಗಿಡದ ನಿಜವಾದ ಸೋಜಿಗ ಹೂವಿಗಿಂತ ಎಲೆಯಲ್ಲಿದೆ ಎಂದು ನನ್ನ ಅಭಿಪ್ರಾಯ. ಎಳೆಯ ಗಿಡದ ಎಲೆಗಳು ಗೇಣುದ್ದ, ಬೆರಳಿಗಿಂತ ಕಿರಿದು. ಬಣ್ಣ ಒಣಗಿ ಹೋದ ಹುಲ್ಲಿನಂತೆ ಕಂದು, ನಟ್ಟನಡುವೆ ನಸುಗೆಂಪಿನ ಒಂದು ನರ. ಗಿಡ ಆಳೆತ್ತರಕ್ಕೆ ಬಂದ ಮೇಲೆ ಅದೇ ಕಾಂಡದಿಂದ ಅಗಲವಾದ, ಅಚ್ಚಹಸಿರಿನ, ಮಿರುಗುವ ಎಲೆಗಳು ಹೊರಡುತ್ತವೆ. ಎರಡನ್ನೂ ಬೇರೆ ಬೇರೆ ಒಯ್ದು ತೋರಿಸಿದರೆ ಒಂದೇ ಗಿಡದವೆಂದು ಯಾರೂ ಹೇಳಲಾರರು. ಹೀಗೇಕೆ ಎಂದರೆ, ಆ ದ್ವೀಪದಲ್ಲಿ ಸೊಪ್ಪು ತಿನ್ನುವ ದೊಡ್ಡ ಪ್ರಾಣಿಯೆಂದರೆ ದೈತ್ಯ ಆಮೆಗಳೇ. 1691ರಿಂದ ಎರಡು ವರ್ಷ ಅಲ್ಲಿ ನೆಲೆಸಿದ್ದ ಫ್ರಾನ್ಸ್ವಾ ಲೆಗ್ವಾ ಎಂಬವನು, ನೆಲಕ್ಕೆ ಕಾಲಿಡದೆ ಆಮೆಗಳ ಬೆನ್ನಮೇಲೆಯೇ ನೂರು ಹೆಜ್ಜೆಗೂ ಹೆಚ್ಚು ನಡೆದುಹೋಗಬಹುದಿತ್ತು ಎಂದು ಬರೆದಿದ್ದಾನೆ. ಅಂಥ ಹಿಂಡಿನ ನಡುವೆ ಬದುಕಬೇಕಾದ ಎಳೆಯ ಗಿಡ, ಆಮೆಯ ಕತ್ತಿಗೆ ಎಟುಕದ ಎತ್ತರ ಮುಟ್ಟುವ ತನಕ ಸತ್ತ ಕಡ್ಡಿಯ ವೇಷ ಹಾಕಿಕೊಂಡಿರುತ್ತದೆ, ಎತ್ತರಕ್ಕೆ ಬಂದ ಮೇಲೆ ವೇಷ ಕಳಚುತ್ತದೆ ಎಂಬುದು ಇದಕ್ಕೆ ವಿಜ್ಞಾನಿಗಳು ಕೊಡುವ ವಿವರಣೆ.

ಆಮೆಯ ಕಣ್ಣಿಗೆ ಮಣ್ಣೆರಚಿದ ಈ ಉಪಾಯ ಮನುಷ್ಯ ತಂದ ಪ್ರಾಣಿಯ ಮುಂದೆ ನಡೆಯಲಿಲ್ಲ. ಹಡಗಿನವರು ಆಮೆಗಳನ್ನು ಮಾಂಸಕ್ಕೆಂದು ಸಾವಿರ ಸಾವಿರ ಸಂಖ್ಯೆಯಲ್ಲಿ ತುಂಬಿಕೊಂಡು ಹೋಗಿ, ಸುಮಾರು 1800ರ ಹೊತ್ತಿಗೆ ಆ ಜಾತಿಗಳನ್ನೇ ಇಲ್ಲವಾಗಿಸಿದರು. ಡೋಡೋವಿನ ನೆಂಟನಾದ ಸಾಲಿಟೇರ್ ಎಂಬ ಹಾರಲಾರದ ಹಕ್ಕಿಯೂ ಅದಕ್ಕೆ ಮೊದಲೇ ಹೋಗಿತ್ತು. ಬದಲಿಗೆ ಬಂದದ್ದು ಮೇಕೆ, ದನ, ಕೊಡಲಿ, ಬೆಂಕಿ. ಆಡು ಮುಟ್ಟದ ಸೊಪ್ಪಿಲ್ಲ ಎಂಬ ಗಾದೆಯನ್ನು ಹುಟ್ಟಿಸಿದ ಬಯಲುಸೀಮೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮಧುಗಿರಿ, ಪಾವಗಡದ ಕಡೆಯ ಬೆಟ್ಟಗಳಲ್ಲಿ ಹಿಂಗಾಲಿನ ಮೇಲೆ ನಿಂತು, ಮುಂಗಾಲನ್ನು ರೆಂಬೆಗೆ ಊರಿ, ಮುಳ್ಳಿನ ನಡುವಿನ ಚಿಗುರನ್ನು ತುಟಿಯಲ್ಲಿಯೇ ಆಯ್ದು ತಿನ್ನುವ ಮೇಕೆಯನ್ನು ನೋಡಿದವರಿಗೆ, ಒಣಗಿದಂತೆ ನಟಿಸುವ ಎಲೆ ಅದರ ಮುಂದೆ ಎಷ್ಟು ದಿನ ತಾಳೀತು ಎಂಬುದು ಗೊತ್ತು.

ಇಪ್ಪತ್ತನೆಯ ಶತಮಾನದ ನಡುಭಾಗಕ್ಕೆ ಬರುವ ಹೊತ್ತಿಗೆ ಕಾಡುಕಾಫಿಯನ್ನು ಅಳಿದುಹೋದ ಗಿಡಗಳ ಪಟ್ಟಿಗೆ ಸೇರಿಸಿಯಾಗಿತ್ತು. ಆಮೇಲೆ, 1980ರ ಸುಮಾರಿಗೆ, ದ್ವೀಪದ ಶಾಲೆಯೊಂದರ ಮೇಷ್ಟ್ರು ಅಲ್ಲಿಯ ಮೂಲ ಗಿಡಗಳ ಚಿತ್ರಗಳನ್ನು ಮಕ್ಕಳಿಗೆ ತೋರಿಸಿ, ಇಂಥವು ಕಂಡರೆ ಒಂದೊಂದು ರೆಂಬೆ ತನ್ನಿ ಎಂದು ಕಳುಹಿಸಿದರು. ಹನ್ನೆರಡು ವರ್ಷದ ಹುಡುಗನೊಬ್ಬ ಒಂದು ರೆಂಬೆ ತಂದ. ಪರೀಕ್ಷೆಗೆ ಹೋದ ಆ ರೆಂಬೆ ಕಾಡುಕಾಫಿಯದ್ದೇ ಎಂದು ಗೊತ್ತಾಯಿತು, ಆಮೇಲೆ ದ್ವೀಪವನ್ನೆಲ್ಲ ಜಾಲಾಡಿದರೂ ಇನ್ನೊಂದು ಸಿಗಲಿಲ್ಲ. ಮೇಕೆ ಮೇಯ್ದು, ರೋಗ ಹಿಡಿದು, ಅರ್ಧ ಸತ್ತಂತಿದ್ದ ಆ ಒಂದೇ ಗಿಡ ಒಂದು ಇಡೀ ಪ್ರಭೇದವಾಗಿತ್ತು. ನಾನೂ ಮಕ್ಕಳಿಂದ ಗಿಡ ತರಿಸಿದ ಮೇಷ್ಟ್ರೇ ಆಗಿದ್ದರಿಂದ ಈ ಭಾಗವನ್ನು ಓದುವಾಗಲೆಲ್ಲ ಒಂದು ಬಗೆಯ ಹೆಮ್ಮೆ, ಅದರ ಬೆನ್ನಿಗೇ ಒಂದು ಅಳುಕು. ಮುಂದೆ ನಡೆದದ್ದು ಆ ಅಳುಕಿಗೆ ಕಾರಣ.

ಗಿಡ ಅಪರೂಪದ್ದೆಂದು ತಿಳಿದ ಕೂಡಲೇ ಅದಕ್ಕೆ ಬೇಲಿ ಹಾಕಿದರು. ರಸ್ತೆ ಬದಿಯ ಒಂದು ಪೊದೆಗೆ ಬೇಲಿ ಬಿದ್ದದ್ದನ್ನು ಕಂಡ ಜನ, ಇದರಲ್ಲಿ ಏನೋ ಇರಲೇಬೇಕು ಎಂದುಕೊಂಡರು. ಗುಹ್ಯರೋಗಕ್ಕೂ, ಕುಡಿದ ಮರುದಿನದ ತಲೆಭಾರಕ್ಕೂ ಇದು ಮದ್ದು ಎಂಬ ನಂಬಿಕೆ ಅಲ್ಲಿದ್ದುದರಿಂದ ಎಲೆ, ತೊಗಟೆ, ರೆಂಬೆ ಒಂದೊಂದಾಗಿ ಮಾಯವಾಗತೊಡಗಿದವು. ಬೇಲಿಯ ಸುತ್ತ ಇನ್ನೊಂದು ಬೇಲಿ, ಅದರ ಸುತ್ತ ಮತ್ತೊಂದು, ಕೊನೆಗೆ ಕಾವಲುಗಾರ. ಮೇಕೆಗಳ ಬಾಯಿಂದ ಪಾರಾದ ಗಿಡಕ್ಕೆ ಮನುಷ್ಯರ ಹರಕೆಯಿಂದ ಪಾರಾಗುವುದು ಕಷ್ಟವಾಯಿತು.

ಇದನ್ನು ನಾನು ದ್ವೀಪದವರ ಮೌಢ್ಯವೆಂದು ಬರೆದು ಮುಗಿಸಲಾರೆ. ಸಿದ್ಧರಬೆಟ್ಟ ನಮ್ಮ ತಾಲ್ಲೂಕಿನಲ್ಲಿಯೇ ಇದೆ, ಅಲ್ಲಿ ಕಾಲಿಗೆ ತಾಗುವ ಹುಲ್ಲೂ ಔಷಧಿಯೆಂದು ನಂಬಿ ಬೆಳೆದವರು ನಾವು. ಒಂಬತ್ತನೆಯ ತರಗತಿಗೆ ರುಚಿಯ ಪಾಠ ಮಾಡುವಾಗ ನಾನು ಪ್ರತಿ ವರ್ಷ ಒಂದು ಪ್ರಯೋಗ ಮಾಡಿಸುತ್ತಿದ್ದೆ. ಊರ ಹಿಂದಿನ ಗುಡ್ಡದ ಬಂಡೆಯೊಂದರ ಸಂದಿಯಲ್ಲಿ ಮಧುನಾಶಿನಿಯ ಬಳ್ಳಿ ಇತ್ತು. ಅದರ ಎರಡು ಎಲೆಗಳನ್ನು ಮಕ್ಕಳಿಗೆ ಅಗಿಯಲು ಕೊಟ್ಟು, ಬಾಯಿ ಮುಕ್ಕಳಿಸಿದ ಮೇಲೆ ನಾಲಿಗೆಗೆ ಒಂದು ಚಿಟಿಕೆ ಸಕ್ಕರೆ ಹಾಕಿದರೆ ಸಿಹಿ ತಿಳಿಯದೆ ಮರಳು ಕಡಿದಂತಾಗುತ್ತಿತ್ತು. ಮಕ್ಕಳ ಮುಖ ಆಗ ನೋಡಬೇಕು. ಒಂದು ವರ್ಷ ಪಾಠದ ಭರದಲ್ಲಿ, ಸಕ್ಕರೆ ಕಾಯಿಲೆಗೆ ಇದನ್ನು ಬಳಸುತ್ತಾರೆ ಎಂದೂ, ಬಳ್ಳಿ ಇಂಥ ಬಂಡೆಯ ಪಕ್ಕದಲ್ಲಿದೆ ಎಂದೂ ಹೇಳಿಬಿಟ್ಟೆ. ಮಕ್ಕಳು ಮನೆಯಲ್ಲಿ ಹೇಳಿದರು, ಮನೆಯವರು ನೆಂಟರಿಗೆ ಹೇಳಿದರು. ದಸರಾ ರಜೆ ಮುಗಿಸಿ ನಾನು ಹೋಗಿ ನೋಡುವ ಹೊತ್ತಿಗೆ ಎಲೆಯ ಮಾತಿರಲಿ, ಸಂದಿಯಿಂದ ಬೇರನ್ನೂ ಹಾರೆ ಹಾಕಿ ಮೀಟಿ ತೆಗೆದಿದ್ದರು. ತೆಗೆದವರು ದುಷ್ಟರಾಗಿರಲಿಲ್ಲ, ಅವರಲ್ಲಿ ಒಬ್ಬರು ನನಗೂ ಒಂದು ಹಿಡಿ ಒಣಗಿದ ಎಲೆಯನ್ನು ಪೊಟ್ಟಣ ಕಟ್ಟಿ ತಂದುಕೊಟ್ಟು, ನೀವು ಹೇಳಿದ್ದರಿಂದ ಬಹಳ ಉಪಕಾರವಾಯಿತು ಮೇಷ್ಟ್ರೇ ಎಂದರು. ಆ ಪೊಟ್ಟಣವನ್ನು ಬಹಳ ದಿನ ಬಿಚ್ಚಲಿಲ್ಲ.

ಮತ್ತೆ ಕಾಡುಕಾಫಿಗೆ ಬರುತ್ತೇನೆ. ಬೇಲಿಯನ್ನು ನಂಬಿ ಕೂರುವ ಹಾಗಿಲ್ಲವೆಂದು 1986ರಲ್ಲಿ ಕೆಲವು ಕಡ್ಡಿಗಳನ್ನು ಕತ್ತರಿಸಿ ವಿಮಾನದಲ್ಲಿ ಲಂಡನ್ನಿನ ಕ್ಯೂ ಸಸ್ಯೋದ್ಯಾನಕ್ಕೆ ಕಳುಹಿಸಿದರು. ಒಂದು ಕಡ್ಡಿ ಬೇರು ಬಿಟ್ಟಿತು. ಅದರಿಂದ ಮತ್ತೆ ಕಡ್ಡಿ ಕತ್ತರಿಸಿ ಇನ್ನಷ್ಟು ಗಿಡ ಮಾಡಿಕೊಂಡರು. ಎಲ್ಲವೂ ಗಾಜಿನ ಮನೆಯಲ್ಲಿ ಸೊಗಸಾಗಿ ಬೆಳೆದು ಮೈತುಂಬ ಹೂ ಬಿಟ್ಟವು. ಆದರೆ ಒಂದೇ ಒಂದು ಕಾಯಿ ಕಟ್ಟಲಿಲ್ಲ. ಹೂವು ಅರಳುವುದು, ಉದುರುವುದು, ಮತ್ತೆ ಅರಳುವುದು. ಹೀಗೆ ಹದಿನೇಳು ವರ್ಷ.

ಕಡ್ಡಿಯಿಂದ ಗಿಡ ಆಗುತ್ತದಲ್ಲ, ಕಾಯಿ ಏಕೆ ಬೇಕು ಎಂದು ಕೇಳುವವರುಂಟು. ನಮ್ಮ ದುಂಡುಮಲ್ಲಿಗೆಯನ್ನೇ ನೋಡಿ. ನನ್ನ ಅಜ್ಜಿಯ ಹಿತ್ತಲಿನ ಗಿಡದ ಕಡ್ಡಿ ಅಮ್ಮನ ಮನೆಗೆ, ಅಲ್ಲಿಂದ ನಮ್ಮ ಮನೆಗೆ, ಇಲ್ಲಿಂದ ಮಗಳ ಮನೆಯ ತಾರಸಿಯ ಕುಂಡಕ್ಕೆ ಹೋಗಿದೆ. ಆದರೆ ಲೆಕ್ಕ ಹಾಕಿದರೆ ಈ ನಾಲ್ಕು ಮನೆಯಲ್ಲಿರುವುದು ನಾಲ್ಕು ಗಿಡವಲ್ಲ, ಅಜ್ಜಿಯ ಗಿಡವೇ ನಾಲ್ಕು ಕಡೆ ಮುಂದುವರಿದಿದೆ. ಅದಕ್ಕೆ ತಗಲುವ ರೋಗ ನಾಲ್ಕಕ್ಕೂ ತಗಲುತ್ತದೆ, ಅದು ತಾಳಲಾರದ ಚಳಿಯನ್ನು ಇವು ಯಾವುವೂ ತಾಳಲಾರವು. ಮಲ್ಲಿಗೆಗಾದರೆ ಲಕ್ಷ ಹಿತ್ತಲುಗಳಿವೆ, ಅದರ ಹೂವನ್ನು ಬಯಸುವ ಕೋಟಿ ಮುಡಿಗಳಿವೆ, ಚಿಂತೆಯಿಲ್ಲ. ಕಾಡುಕಾಫಿ ಕುಂಡದಿಂದ ಇಳಿದು ತನ್ನ ದ್ವೀಪದ ಗುಡ್ಡದಲ್ಲಿ ಯಾರ ಹಂಗೂ ಇಲ್ಲದೆ ಬದುಕಬೇಕಾದರೆ ಬೀಜ ಬೇಕು, ಬೀಜದಿಂದ ಬರುವ ಸಣ್ಣಪುಟ್ಟ ವ್ಯತ್ಯಾಸಗಳು ಬೇಕು.

ಕಾಯಿ ಕಟ್ಟುವುದು ಎಷ್ಟು ನಾಜೂಕಿನ ಕೆಲಸ ಎಂಬುದು ನನಗೆ ಮೊದಲು ತಿಳಿದದ್ದು ಪುಸ್ತಕದಿಂದಲ್ಲ. ಅಜ್ಜಿಯ ತಿಪ್ಪೆಯ ಪಕ್ಕದಲ್ಲಿ ಕುಂಬಳದ ಬಳ್ಳಿ ಹಬ್ಬಿರುತ್ತಿತ್ತು. ಮಳೆ ಹಿಡಿದು ಜೇನು ಹಾರದ ದಿನಗಳಲ್ಲಿ ಅವರು ಬೆಳಕು ಹರಿಯುವ ಮೊದಲೇ ಎದ್ದು ಹೋಗಿ, ಒಂದು ಗಂಡು ಹೂವನ್ನು ತೊಟ್ಟಿನ ಸಮೇತ ಕಿತ್ತು, ಹಳದಿ ಎಸಳನ್ನು ಹಿಂದಕ್ಕೆ ಸುಲಿದು, ಉಳಿದ ಕಡ್ಡಿಯ ತುದಿಯನ್ನು ಹೆಣ್ಣು ಹೂವಿನ ನಡುವೆ ಮೆಲ್ಲನೆ ಸವರುತ್ತಿದ್ದರು. ಬಿಸಿಲೇರಿದ ಮೇಲೆ ಮಾಡಿದರೆ ಹತ್ತುವುದಿಲ್ಲ ಎನ್ನುತ್ತಿದ್ದರು. ಮೂರು ದಿನಕ್ಕೆ ಹೂವಿನ ಬುಡದ ಮಿಡಿ ತಲೆ ತಗ್ಗಿಸಿ ದಪ್ಪಗಾದರೆ ಸರಿ, ಹಳದಿಯಾಗಿ ಕೊಳೆತರೆ ಅದೃಷ್ಟವಿಲ್ಲ.

ಕುಂಬಳದಲ್ಲಿ ಗಂಡು ಹೆಣ್ಣು ಬೇರೆ ಬೇರೆ ಹೂವು, ಹಾಗಾಗಿ ಸುಲಭ. ಕೇಪಳದ ಬಳಗದಲ್ಲಿ ಎರಡೂ ಒಂದೇ ಹೂವಿನಲ್ಲಿರುತ್ತವೆ, ಆದರೂ ಗಿಡ ತನ್ನ ಪರಾಗ ತನಗೇ ತಾಗದಂತೆ ಬಗೆಬಗೆಯ ಕಟ್ಟುಪಾಡು ಮಾಡಿಕೊಂಡಿರುತ್ತದೆ. ಈ ಬೇಸಿಗೆಯಲ್ಲಿ ಮನೆಯ ಮುಂದಿನ ಕೆಂಪು ಕೇಪಳದ ಒಂದು ಗೊಂಚಲನ್ನು ಭೂತಗನ್ನಡಿಯಲ್ಲಿ ನೋಡುತ್ತ ಕುಳಿತಿದ್ದೆ. ಆಗ ತಾನೇ ಬಿರಿದ ಹೂವಿನಲ್ಲಿ ನಾಲ್ಕು ಕೇಸರಗಳು ಎಸಳುಗಳ ಸಂದಿಯಿಂದ ಹೊರಕ್ಕೆ ಬಾಗಿ ಜೋತು ಬಿದ್ದಿರುತ್ತವೆ, ನಡುವಿನ ಶಲಾಕೆ ಮಾತ್ರ ನೆಟ್ಟಗೆ ನಿಂತಿರುತ್ತದೆ. ಅದರ ತುದಿಯಲ್ಲಿ ಪುಡಿ ಕಾಣುತ್ತದೆ. ನೋಡಿದವರು ಇದೇ ಪರಾಗಸ್ಪರ್ಶ ಎಂದುಕೊಳ್ಳಬೇಕು. ಅಲ್ಲ, ಮೊಗ್ಗಿನೊಳಗೇ ಕೇಸರಗಳು ತಮ್ಮ ಪರಾಗವನ್ನು ಆ ತುದಿಗೆ ಬಳಿದು ಕೈತೊಳೆದುಕೊಂಡಿವೆ, ಶಲಾಕೆಯ ಬಾಯಿ ಇನ್ನೂ ಮುಚ್ಚಿಯೇ ಇದೆ. ಚಿಟ್ಟೆ ಬಂದು ಆ ಪುಡಿಯನ್ನು ಒಯ್ದ ಮೇಲೆ, ಆಮೇಲೆ, ತುದಿ ಎರಡಾಗಿ ಸೀಳಿ ಬಾಯಿ ತೆರೆಯುತ್ತದೆ, ಅದು ಬೇರೆ ಗಿಡದ ಪುಡಿಗಾಗಿ ಕಾಯುವ ಹೊತ್ತು. ಮೊದಲು ಕೊಡುವುದು, ಅನಂತರ ಪಡೆಯುವುದು.

ಕಾಡುಕಾಫಿಯ ಆ ಒಂದು ಗಿಡದ ಹೂವಿನಲ್ಲಿ ಕೊಡುವುದಕ್ಕೆ ಪರಾಗವಿತ್ತು, ಪಡೆಯುವ ಬಾಯಿ ಮಾತ್ರ ಎಂದೂ ಸರಿಯಾಗಿ ತೆರೆಯುತ್ತಿರಲಿಲ್ಲ. ಶಲಾಕೆಯ ತುದಿಗೆ ಪರಾಗ ಎಷ್ಟು ಸವರಿದರೂ ಅದು ಅಲ್ಲಿಯೇ ಕುಳಿತಿರುತ್ತಿತ್ತೇ ಹೊರತು, ಕೆಳಗಿನ ಅಂಡಾಶಯಕ್ಕೆ ನಾಳ ಇಳಿಯುತ್ತಿರಲಿಲ್ಲ. ಜೊತೆಗಿದ್ದ ಗಿಡಗಳೆಲ್ಲ ಅದರದ್ದೇ ಕಡ್ಡಿಗಳಾದ್ದರಿಂದ ಬೇರೆ ಗಿಡದ ಪರಾಗ ಎಂಬುದೂ ಇರಲಿಲ್ಲ.

2003ರಲ್ಲಿ ಸ್ಪೇನಿನ ಕಾರ್ಲೋಸ್ ಮಗ್ದಲೇನ ಎಂಬ ತೋಟಗಾರ ಕ್ಯೂ ಉದ್ಯಾನಕ್ಕೆ ಬಂದರು. ತೋಟಗಾರ ಎಂಬ ಮಾತನ್ನು ಒತ್ತಿ ಹೇಳುತ್ತಿದ್ದೇನೆ, ಏಕೆಂದರೆ ಗಿಡದ ಜೊತೆ ದಿನವೂ ಇರುವವರಿಗೆ ಮಾತ್ರ ಹೊಳೆಯುವ ಸಂಗತಿಗಳಿವೆ. ಶಲಾಕೆಯ ತುದಿಯೇ ಅಡ್ಡಿಯಾಗಿದ್ದರೆ ಆ ತುದಿ ಏಕೆ ಬೇಕು ಎಂದು ಅವರು ಅದನ್ನು ಬ್ಲೇಡಿನಿಂದ ಕತ್ತರಿಸಿ, ಕತ್ತರಿಸಿದ ಹಸಿಗಾಯದ ಮೇಲೆಯೇ ಪರಾಗವನ್ನು ಇಟ್ಟರು. ಒಂದು ಹೂವಿಗೆ, ಹತ್ತು ಹೂವಿಗೆ, ನೂರಾರು ಹೂವಿಗೆ ಇದನ್ನೇ ಮಾಡುತ್ತ ಹೋದರು. ಬಹುತೇಕ ಎಲ್ಲವೂ ಉದುರಿದವು. ಆದರೆ ಗಾಜಿನ ಮನೆಯಲ್ಲಿ ಹೆಚ್ಚು ಬಿಸಿಯಿದ್ದ ಜಾಗದ ಹೂವೊಂದರ ಬುಡ ಮೆಲ್ಲಗೆ ಊದತೊಡಗಿತು. ಬಿಸಿಯೂ ಬೇಕು ಎಂಬ ಸುಳಿವು ಸಿಕ್ಕಿದ್ದು ಆಗಲೇ. ಕಾಯಿ ಬಲಿತು ಒಳಗೆ ಗಟ್ಟಿ ಬೀಜಗಳು ಕಂಡವು, ಬಿತ್ತಿದಾಗ ಮೊಳೆತವು. ಆ ಸಸಿಗಳಲ್ಲಿ ಉದ್ದನೆಯ, ಕಂದುಬಣ್ಣದ, ಒಣಗಿದಂಥ ಎಲೆಗಳು ಹೊರಟವು. ಕಡ್ಡಿಯಿಂದ ಬೆಳೆದ ಗಿಡಗಳ ಅಚ್ಚಹಸಿರನ್ನೇ ನೋಡಿಕೊಂಡು ಬಂದಿದ್ದವರ ಮುಂದೆ, ಇನ್ನೂರು ವರ್ಷ ಹಿಂದೆ ಸತ್ತುಹೋದ ಆಮೆಗಳಿಗೆ ಹೆದರಿ ಈ ಹಸುಳೆಗಳು ವೇಷ ಹಾಕಿಕೊಂಡು ಹುಟ್ಟಿದ್ದವು. ಈ ಇಡೀ ಕಥೆಯಲ್ಲಿ ನಾನು ಮತ್ತೆ ಮತ್ತೆ ನಿಲ್ಲುವುದು ಇಲ್ಲಿಯೇ.

ಕೈಯಿಂದ ಹೂವಿಗೆ ಪರಾಗ ಮುಟ್ಟಿಸುವ ವಿದ್ಯೆಗೂ ಆ ಕಡೆಯ ದ್ವೀಪಗಳಿಗೂ ಹಳೆಯ ನಂಟಿದೆ. ರಾಡ್ರಿಗಸ್ಸಿನ ಸೋದರ ದ್ವೀಪವಾದ ರೀಯೂನಿಯನ್ನಿನಲ್ಲಿ 1841ರಲ್ಲಿ, ಎಡ್ಮಂಡ್ ಆಲ್ಬಿಯಸ್ ಎಂಬ ಗುಲಾಮ ಹುಡುಗ, ತೆಳುವಾದ ಕಡ್ಡಿಯಿಂದ ವೆನಿಲ್ಲಾ ಹೂವಿನ ಪೊರೆಯನ್ನು ಎತ್ತಿ, ಹೆಬ್ಬೆರಳಿನಿಂದ ಪರಾಗವನ್ನು ಒತ್ತುವ ಉಪಾಯ ಕಂಡುಹಿಡಿದ. ಅವನಿಗೂ ಆಗ ಹನ್ನೆರಡೇ ವರ್ಷ. ಈ ಶತಮಾನದ ಆರಂಭದಲ್ಲಿ ನಮ್ಮ ಮಲೆನಾಡಿನವರು ವೆನಿಲ್ಲಾದ ಹುಚ್ಚು ಹಿಡಿಸಿಕೊಂಡು ಅಡಿಕೆ ತೋಟಗಳಲ್ಲಿ ಬೆಳಿಗ್ಗೆ ಬೆಳಿಗ್ಗೆ ಹೂ ಮುಟ್ಟಿಸುತ್ತಿದ್ದುದೂ ಆ ಹುಡುಗ ಕಲಿಸಿದ ರೀತಿಯಲ್ಲಿಯೇ.

ಕ್ಯೂನಲ್ಲಿ ಬೆಳೆದ ಬೀಜಗಳು 2010ರ ಹೊತ್ತಿಗೆ ರಾಡ್ರಿಗಸ್ಸಿಗೆ ಮರಳಿದವು. ಮಾರಿಷಿಯನ್ ವೈಲ್ಡ್‌ಲೈಫ್ ಫೌಂಡೇಶನ್ ಅಲ್ಲಿ ಮೂಲ ಗಿಡಗಳಿಗೆಂದೇ ಸಸ್ಯಪಾಲನಾ ಕೇಂದ್ರ ನಡೆಸುತ್ತದೆ, ಗ್ರಾಂದ್ ಮೊಂತಾಞ್ ಎಂಬ ಗುಡ್ಡದಲ್ಲಿ ಹೊರಗಿನ ಕಳೆಮರಗಳನ್ನು ಕಡಿದು ದ್ವೀಪದ್ದೇ ಗಿಡಗಳನ್ನು ನೆಟ್ಟು ಬೆಳೆಸುತ್ತಿದೆ. 2007ರಲ್ಲಿ ತೆರೆದ ಇನ್ನೊಂದು ಮೀಸಲು ಪ್ರದೇಶದಲ್ಲಿ, ಅಳಿದ ಆಮೆಗಳ ಸ್ಥಾನಕ್ಕೆ ಅಲ್ಡಾಬ್ರ ಮತ್ತು ಮಡಗಾಸ್ಕರಿನ ಆಮೆಗಳನ್ನು ತಂದು ಬಿಟ್ಟಿದ್ದಾರೆ. ಹಾಗೆಂದು ಎಲ್ಲವೂ ಸುಖಾಂತವಾಯಿತು ಎಂದು ಹೇಳುವ ಹಾಗಿಲ್ಲ. ಇಂದಿಗೂ ಕಾಡುಕಾಫಿ ಅಳಿವಿನ ಅಂಚಿನ ಪಟ್ಟಿಯಲ್ಲಿಯೇ ಇದೆ. ಬೀಜದಿಂದ ಬಂದ ಗಿಡಗಳೆಲ್ಲವೂ ಒಂದೇ ತಾಯಿಯವು, ಆ ತಾಯಿಯೇ ತಂದೆಯೂ ಹೌದು. ಕೈಯಾರೆ ಬ್ಲೇಡು ಹಿಡಿದು ಕಾಯಿ ಕಟ್ಟಿಸುವುದಕ್ಕೂ, ದ್ವೀಪದ ಯಾವುದೋ ಪತಂಗವೋ ಹಕ್ಕಿಯೋ ಬಂದು ತನ್ನಷ್ಟಕ್ಕೆ ಕಾಯಿ ಕಟ್ಟಿಸುವುದಕ್ಕೂ ನಡುವೆ ಇನ್ನೂ ದೂರವಿದೆ.

ಗುಬ್ಬಿ ತಾಲ್ಲೂಕಿನ ಬಿಕ್ಕೆಗುಡ್ಡದ ಹೆಸರು ಕಿವಿಗೆ ಬಿದ್ದಾಗಲೆಲ್ಲ ನನಗೆ ಗಿಡದ ಬಿಕ್ಕೆಯೇ ನೆನಪಾಗುತ್ತದೆ. ನಾನು ಚಿಕ್ಕವನಿದ್ದಾಗ ನಮ್ಮೂರ ಗುಡ್ಡದಲ್ಲಿ ಬಿಕ್ಕೆಹಣ್ಣಿಗೆ ಬರವಿರಲಿಲ್ಲ. ಅದರ ಚಿಗುರಿನ ತುದಿಯಲ್ಲಿ ಹೊನ್ನಿನ ಹನಿಯಂತೆ ನಿಲ್ಲುವ ಅಂಟನ್ನು ಕುರಿಗಾಹಿಗಳು ಕುರಿಗಳ ಹುಣ್ಣಿಗೆ ನೊಣ ಕೂರದಿರಲೆಂದು ಹಚ್ಚುತ್ತಿದ್ದರು. ಸಂಜೆ ಬೆಳ್ಳಗೆ ಅರಳಿದ ಹೂವು ಮಾರನೆಯ ದಿನಕ್ಕೆ ಹಳದಿಗೆ ತಿರುಗುತ್ತಿತ್ತು. ಎರಡು ವರ್ಷದ ಹಿಂದೆ ಅದೇ ಗುಡ್ಡ ಹತ್ತಿದಾಗ, ಬೆಂಕಿ ಬಿದ್ದ ಇಳಿಜಾರಿನಲ್ಲಿ ಕಷ್ಟಪಟ್ಟು ಹುಡುಕಿದ ಮೇಲೆ ಎರಡು ಗಿಡ ಸಿಕ್ಕಿದವು, ಒಂದರಲ್ಲಿ ಮೂರು ಹಣ್ಣು. ಅಪರೂಪದ ಪ್ರಭೇದವೇನಲ್ಲ ಅದು, ದೇಶದ ಎಷ್ಟೋ ಕಾಡುಗಳಲ್ಲಿ ಇದೆ. ನಮ್ಮ ಗುಡ್ಡದಲ್ಲಿ ಮಾತ್ರ ಇಲ್ಲವಾಗುತ್ತಿದೆ. ಒಂದು ಹಣ್ಣನ್ನು ತಂದು, ತಿರುಳನ್ನು ನೀರಿನಲ್ಲಿ ಕಿವುಚಿ, ಬೀಜ ತೊಳೆದು ನೆರಳಿನಲ್ಲಿ ಆರಿಸಿ, ಹಾಲಿನ ಪ್ಯಾಕೆಟ್ಟುಗಳಿಗೆ ಕೆಮ್ಮಣ್ಣು ಗೊಬ್ಬರ ತುಂಬಿ ಬಿತ್ತಿದೆ. ಮೊಳೆಯಲು ತಿಂಗಳ ಮೇಲಾಯಿತು. ಈಗ ಕಾಂಪೌಂಡಿನ ನೆರಳಿನಲ್ಲಿ ಹನ್ನೊಂದು ಸಸಿಗಳಿವೆ, ಗೇಣೆತ್ತರ. ಜೋಡಿ ಎಲೆಗಳ ನಡುವೆ ಆ ಚಿಕ್ಕ ಪೊರೆ ಆಗಲೇ ಮೂಡಿದೆ. ಮುಂದಿನ ಮಳೆಗಾಲಕ್ಕೆ ಗುಡ್ಡಕ್ಕೆ ಒಯ್ಯಬೇಕು.

ಮೊನ್ನೆ ಪಕ್ಕದ ಮನೆಯವರು ಗೇಟಿನ ಬಳಿ ನಿಂತು ಸಸಿಗಳನ್ನು ನೋಡಿ, ಇದು ಯಾವುದಕ್ಕೆ ಒಳ್ಳೆಯದು ಮೇಷ್ಟ್ರೇ ಎಂದು ಕೇಳಿದರು. ಅಂಟಿನ ವಿಷಯ ನಾಲಿಗೆಯ ತುದಿಗೆ ಬಂದಿತ್ತು. ಹೂ ಬಿಡುತ್ತದೆ ಅಷ್ಟೆ ಎಂದು ಹೇಳಿ, ನೀರಿನ ಪೈಪನ್ನು ಇನ್ನೊಂದು ಸಾಲಿಗೆ ತಿರುಗಿಸಿದೆ.